ಸಹಾಯ ಬೇಕು: ಯಾವ ಹಾಡಿಗಿ ಅಫೀಷಿಯಲ್ ಸಿಂಗಲ್ ಅನ್ಬೇಕ್ರಿ?

ಅಣ್ಣಾರ, ಅಕ್ಕಾರ, ಶರಣ್ರಿ. ಕಲಬುರಗಿಯಿಂದ ಬರಿಲತ್ತೀನಿ. ನಮ್ಮಪ್ಪ ಸೂಪರ್ ಮಾರ್ಕೆಟ್‌ದಾಗ ತಗೊಂಡಿದ್ದ ಮೈಕಲ್ ಜಾಕ್ಸನ್ ಥ್ರಿಲ್ಲರ್ ಕ್ಯಾಸೆಟ್ ಇನ್ನೂ ಮನ್ಯಾಗ ಅದ, ಕವರ್ ಮಡಚಿದಲ್ಲಿ ಹರದದ, ಅದು ನೋಡೇ ನಾ ಯಾವ ಆಲ್ಬಮ್‌ನಿಂದ ಯಾವ್ಯಾವ ಸಿಂಗಲ್ (ಅಂದ್ರ ಆಲ್ಬಮ್‌ನಿಂದ ಬಿಡಿಯಾಗಿ ಬಿಡುಗಡೆ ಮಾಡೋ ಹಾಡು) ಬಂದಾವ ಅಂತ ನೋಟ್‌ಬುಕ್‌ದಾಗ ಬರದಿಡ್ಲತ್ತೀನಿ. 1982ರ ಆ ಆಲ್ಬಮ್‌ದಾಗ 9 ಹಾಡು, ಅದರಾಗ 7 ಸಿಂಗಲ್, ತಕರಾರೇ ಇಲ್ಲ. ತ್ರಾಸ ಇರೋದು ಈಗಿನ ಹಾಡಿಂದು. ವಿಡಿಯೋ ಬಂತಂದ್ರ ಸಿಂಗಲ್ಲೇನು? ಚಾರ್ಟ್‌ದಾಗ ಬಂದದ ಅಂತನೂ ಹಿಡಿಯಾಕ ಆಗಲ್ಲ, ಯಾಕಂದ್ರ 1998ರ ಡಿಸೆಂಬರ್‌ನಿಂದ ಅಮೆರಿಕಾದ ಹಾಡಿನ ಚಾರ್ಟ್ ಬಿಲ್‌ಬೋರ್ಡ್ ಹಾಟ್ 100ದಾಗ ಸಿಂಗಲ್ ಆಗಿ ಮಾರಾಕ ಇಡದೇ ಇದ್ದ ಹಾಡೂ ಬರೀ ರೇಡಿಯೋ ಲೆಕ್ಕದ ಮ್ಯಾಲೆ ಸೇರಬಹುದು. ಕಂಪನಿಯವ್ರು ರೇಡಿಯೋಕ್ಕ ಕಳಿಸಿದ್ರೇ ಸಿಂಗಲ್ ಅಂತ ನನಗನಸ್ತದ. ಆದ್ರ ಆಲ್ಬಮ್‌ಗಿಂತ ಮುಂಚೆ ಬಿಟ್ಟ ಪ್ರಮೋಷನಲ್ ಹಾಡು ಎಲ್ಲಿ ಹಾಕಲಿ? ಅವೆಲ್ಲ ಪೆನ್ಸಿಲ್‌ದಾಗೇ ಬರದಿಟ್ಟೀನಿ, ತಿಳದವ್ರು ಹೇಳಿದ್ರ ಪೆನ್ನಿಲೆ ತಿದ್ದತೀನ್ರಿ.