ಸ್ಕಾಟ್ಸ್ ನುಡಿಯ ‘ಥೋಲ್’: ಅರ್ಥ ಮತ್ತು ಮೂಲ

ಪ್ರಶ್ನೆ: ನಮಸ್ಕಾರ ಸರ್. ಸ್ಕಾಟ್‌ಲ್ಯಾಂಡಿನ ಕವಿ ರಾಬರ್ಟ್ ಬರ್ನ್ಸ್ 1785ರಲ್ಲಿ ಇಲಿಯನ್ನು ಕುರಿತು ರಚಿಸಿದ ಕವಿತೆಯಲ್ಲಿ ‘ಥೋಲ್’ ಎಂಬ ಕ್ರಿಯಾಪದವಿದೆ. ಟಿಪ್ಪಣಿಯಲ್ಲಿ ‘ಸಹಿಸು’ ಎಂದಷ್ಟೇ ಕೊಟ್ಟಿದ್ದಾರೆ. ಇದರ ಮೂಲ ಯಾವುದು? ಉಚ್ಚಾರಣೆಯಲ್ಲೂ ಅರ್ಥದಲ್ಲೂ ನಮ್ಮ ‘ತಾಳು’ವಿಗೆ ಇಷ್ಟು ಹತ್ತಿರವಿರುವುದರಿಂದ ಎರಡಕ್ಕೂ ನಂಟಿರಬಹುದೇ?

ಉತ್ತರ: ನಮಸ್ಕಾರ. ಟಿಪ್ಪಣಿ ಸರಿಯಾಗಿಯೇ ಇದೆ, ಆದರೆ ಕವಿತೆಯ ಸಂದರ್ಭದಲ್ಲಿ ಅದು ಸಾಲದು. ನೇಗಿಲು ಹಾಯ್ದು ಗೂಡು ಚೂರಾದ ಮೇಲೆ, ಮನೆಮಾರಿಲ್ಲದ ಆ ಇಲಿ ಚಳಿಗಾಲದ ಹಿಮ ಬೆರೆತ ಜಡಿಮಳೆಯನ್ನೂ ಕೊರೆಯುವ ಇಬ್ಬನಿಯನ್ನೂ ‘ಥೋಲ್’ ಮಾಡಬೇಕಾಗಿದೆ; ತಪ್ಪಿಸಿಕೊಳ್ಳುವ ದಾರಿಯೇ ಇಲ್ಲದ ಕಷ್ಟವನ್ನು ಅನುಭವಿಸಿ ತೀರಿಸುವುದು ಇಲ್ಲಿನ ಭಾವ. ನನ್ನ ಮಟ್ಟಿಗೆ ‘ಸಹಿಸು’ವಿಗಿಂತ ನೀವು ನೆನೆದ ‘ತಾಳು’ ಎಂಬುದೇ ಅನುವಾದಕ್ಕೆ ಚೆನ್ನಾಗಿ ಒಪ್ಪುತ್ತದೆ.

ಆದರೆ ಅವುಗಳ ಹೋಲಿಕೆ ಆಕಸ್ಮಿಕ. ‘ತಾಳು’ ದ್ರಾವಿಡ ಧಾತು. ತೆಲುಗಿನಲ್ಲಿಯೂ ಅದೇ ಅರ್ಥದಲ್ಲಿದೆ. ‘ಥೋಲ್’ ಹಳೆಯ ಇಂಗ್ಲಿಷಿನ ‘ಥೋಲಿಯನ್’ನಿಂದ ಬಂದಿದ್ದು, ಐಸ್‌ಲ್ಯಾಂಡಿನ ಭಾಷೆಯಲ್ಲಿ ‘ಥೋಲಾ’ ಇಂದಿಗೂ ಬಳಕೆಯಲ್ಲಿದೆ. ಇವುಗಳ ಹಿಂದೆ ‘ಎತ್ತು, ಹೊರು’ ಎಂಬ ಅರ್ಥದ ಇಂಡೋ-ಯುರೋಪಿಯನ್ ಧಾತುವಿದೆ. ಮೂಲದ ತಕಾರವು ಇಂಗ್ಲಿಷ್ ಸೇರಿದ ಜರ್ಮಾನಿಕ್ ಬಳಗದ ಭಾಷೆಗಳಲ್ಲಿ ಥಕಾರದಂತಹ ಧ್ವನಿಯಾಗಿ ಬದಲಾದುದರಿಂದ ಸಂಸ್ಕೃತದ ‘ತ್ರಯ’ಕ್ಕೆ ಇಂಗ್ಲಿಷಿನಲ್ಲಿ ‘ಥ್ರೀ’ ಸಂವಾದಿಯಾಗಿರುವಂತೆ, ಲ್ಯಾಟಿನ್ನಿನಲ್ಲಿ ಸಹಿಸುವುದನ್ನು ಹೇಳುವ ‘ಟೊಲೆರಾರೆ’ಗೂ ಸಂಸ್ಕೃತದ ‘ತುಲಾ’ ಶಬ್ದಕ್ಕೂ ‘ಥೋಲ್’ ಸಂವಾದಿಯಾಗಿ ನಿಲ್ಲುತ್ತದೆ. ಆದ್ದರಿಂದ ಕನ್ನಡದಲ್ಲಿ ಅದರ ನೆಂಟರನ್ನು ಹುಡುಕುವುದಾದರೆ ಸಂಸ್ಕೃತದ ಮೂಲಕ ಬಂದ ‘ತುಲನೆ’, ‘ತುಲಾಭಾರ’ಗಳಲ್ಲಿ ಹುಡುಕಬೇಕೇ ಹೊರತು ‘ತಾಳ್ಮೆ’ಯಲ್ಲಿ ಅಲ್ಲ.

ಇನ್ನೊಬ್ಬ ಸದಸ್ಯರ ಪ್ರಶ್ನೆ: ದೋಣಿಯ ಹುಟ್ಟನ್ನು ಆನಿಸುವ ಗೂಟಕ್ಕೂ ನಿಘಂಟಿನಲ್ಲಿ ಇದೇ ಕಾಗುಣಿತವಿದೆ. ಅದೂ ಇದೇ ಪದವೇ? ಈಗ ಯಾರಾದರೂ ಈ ಕ್ರಿಯಾಪದವನ್ನು ಬಳಸುತ್ತಾರೆಯೇ?

ಉತ್ತರ: ಆ ಗೂಟದ ಹೆಸರು ಬೇರೆಯೇ ನಾಮಪದ. ಹಳೆಯ ಇಂಗ್ಲಿಷಿನಲ್ಲಿಯೇ ಅದು ಪ್ರತ್ಯೇಕವಾಗಿತ್ತು. ಕ್ರಿಯಾಪದವಾದರೋ, ಶಿಷ್ಟ ಇಂಗ್ಲಿಷಿನಲ್ಲಿ ಫ್ರೆಂಚ್ ಮೂಲದ ‘ಸಫರ್’, ‘ಎಂಡ್ಯೂರ್’ಗಳು ನೆಲೆಯೂರಿದ ಮೇಲೂ ಸ್ಕಾಟ್‌ಲ್ಯಾಂಡ್, ಉತ್ತರ ಇಂಗ್ಲೆಂಡ್ ಮತ್ತು ಐರ್ಲೆಂಡಿನ ಅಲ್ಸ್ಟರ್ ಪ್ರದೇಶದ ಆಡುಮಾತಿನಲ್ಲಿ ಉಳಿದಿದೆ. ಸ್ಕಾಟ್‌ಲ್ಯಾಂಡಿನ ನ್ಯಾಯಾಲಯಗಳಲ್ಲಂತೂ ಅದು ಪಾರಿಭಾಷಿಕ ಪದವೇ ಆಗಿದೆ. ಒಂದು ಅಪರಾಧಕ್ಕಾಗಿ ಒಮ್ಮೆ ಪೂರ್ಣ ವಿಚಾರಣೆಗೆ ಒಳಗಾದವನು ತನ್ನ ‘ಅಸೈಜ್’ ಅನ್ನು, ಎಂದರೆ ವಿಚಾರಣೆಯನ್ನು, ‘ಥೋಲ್’ ಮಾಡಿದ್ದಾನೆ ಎನ್ನುತ್ತಾರೆ. ಹಾಗಿರುವಾಗ ಅದೇ ಆರೋಪದ ಮೇಲೆ ಅವನನ್ನು ಮತ್ತೆ ವಿಚಾರಣೆಗೆ ಗುರಿಪಡಿಸುವಂತಿಲ್ಲ. ಈ ರಕ್ಷಣೆಗೆ 2011ರ ಕಾಯ್ದೆ ಕೆಲವು ವಿನಾಯಿತಿಗಳನ್ನು ಸೇರಿಸಿದೆ.