ಸಮುದ್ರ ನೋಡದ ಮಕ್ಕಳಿಗೆ ಕೊಲಂಬಸ್, ಗಾಮಾ, ಕುಕ್ ಪಾಠ ಹೇಗೆ ಮಾಡಲಿ?

ಮುಳಬಾಗಿಲು ಟೀಚರ್:

ಎಲ್ಲರಿಗೂ ನಮಸ್ಕಾರ. ನಾನು ಮುಳಬಾಗಿಲು ತಾಲ್ಲೂಕಿನ ಒಂದು ಸರ್ಕಾರಿ ಶಾಲೆಯಲ್ಲಿ ಸಮಾಜ ಪಾಠ ಮಾಡುತ್ತೇನೆ. ಈ ವಾರ ಎಂಟನೇ ಕ್ಲಾಸಿಗೆ ಸಮುದ್ರಯಾನದ ಪಾಠ ಶುರು ಮಾಡಿದೆ. 1492 ಕೊಲಂಬಸ್, 1498 ವಾಸ್ಕೋ ಡ ಗಾಮಾ, 1519 ಮೆಗಲನ್ ಅಂತ ಬೋರ್ಡ್ ಮೇಲೆ ಬರೆದೆ. ಮಕ್ಕಳು ನೋಟ್ಸಿಗೆ ಇಳಿಸಿಕೊಂಡರು. ಅಷ್ಟೇ. ಯಾರ ಮುಖದಲ್ಲೂ ಕುತೂಹಲ ಕಾಣಲಿಲ್ಲ.

ಸಮುದ್ರ ಯಾರ್ಯಾರು ನೋಡಿದ್ದೀರಿ ಅಂತ ಕೇಳಿದೆ. 41 ಮಕ್ಕಳಲ್ಲಿ ಮೂರೇ ಮೂರು ಕೈ ಮೇಲೆದ್ದವು. ಮೂವರೂ ಚೆನ್ನೈಗೆ ಹೋಗಿಬಂದವರು. ನಮ್ಮ ಕಡೆ ನೀರು ಅಂದರೆ ಕೆರೆ, ಇಲ್ಲಾಂದ್ರೆ ಸಾವಿರ ಅಡಿ ಬೋರ್‌ವೆಲ್. ಕೊನೆಗೆ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು, "ಮಿಸ್, ಅವರು ಹಡಗಲ್ಲಿ ಹೋದ್ರೆ ನಮ್ಮೂರಿಗೇನಾಯ್ತು?" ಅಂದಳು.

ಆ ಮಗು ಕೇಳಿದ್ದು ಸರಿಯಾಗೇ ಇದೆ. ನನ್ನ ಹತ್ತಿರ ಉತ್ತರ ಇರಲಿಲ್ಲ. ಸೋಮವಾರ ಹೇಳ್ತೀನಿ ಕಣಮ್ಮ ಅಂದೆ. ಇಸವಿ ಬಾಯಿಪಾಠ ಮಾಡಿಸಿ ಪಾಠ ಮುಗಿಸೋಕೆ ನನಗೆ ಮನಸ್ಸಿಲ್ಲ. ತಿಳಿದವರು ದಯವಿಟ್ಟು ಹೇಳಿ.

ಕೋಲಾರ ಟೊಮೆಟೊ ರೈತ:

ಮೇಡಂ, ಆ ಹುಡುಗಿಗೆ ನಮ್ಮ ಮಂಡಿ ತೋರಿಸಿ. 15 ಕೆಜಿ ಬಾಕ್ಸುಗಳು ಮಾಳಿಗೆ ಎತ್ತರಕ್ಕೆ ನಿಂತಿರುತ್ತವಲ್ಲ, ಅದರಲ್ಲಿರೋ ಹಣ್ಣು ಕೊಲಂಬಸ್ ಹೋಗೋಕೆ ಮುಂಚೆ ನಮ್ಮ ದೇಶದಲ್ಲಿ ಇರಲೇ ಇಲ್ಲ. ಟೊಮೆಟೊ ಅಮೆರಿಕ ಖಂಡದ ಬೆಳೆ. ಹೆಸರೂ ಮೆಕ್ಸಿಕೋದ ಹಳೇ ಜನರದ್ದೇ, ಅವರು ತೊಮಾತ್ಲ್ ಅಂತಿದ್ದರು. ಆಲೂಗಡ್ಡೆ, ಮುಸುಕಿನ ಜೋಳ, ಕಡಲೆಕಾಯಿ, ಸೀಬೆ, ಸಿಹಿಕುಂಬಳ, ಚೆಂಡು ಹೂವು, ಎಲ್ಲಾ ಆ ಕಡೆಯವೇ.

ನನಗೆ ತುಂಬ ಇಷ್ಟವಾದ ವಿಷಯ ಮೆಣಸಿನಕಾಯಿದು. ಕೊಲಂಬಸ್ ಹೊರಟಿದ್ದು ನಮ್ಮ ಮೆಣಸು ಹುಡುಕಿಕೊಂಡು. ಸಿಕ್ಕಿದ್ದು ಖಾರದ ಕಾಯಿ. ಅಲ್ಲಿನ ಜನ ಅದಿಲ್ಲದೆ ಊಟಾನೇ ಮಾಡಲ್ಲ ಅಂತ 1493ರ ಜನವರಿಯಲ್ಲಿ ತನ್ನ ದಿನಚರಿಯಲ್ಲಿ ಬರೆದಿದ್ದಾನೆ. ಅದಕ್ಕೂ ಮೆಣಸಿನ ಹೆಸರನ್ನೇ ಇಟ್ಟ. ಮುಂದೆ ಪೋರ್ಚುಗೀಸರ ಹಡಗಲ್ಲಿ ಅದು ನಮ್ಮ ದೇಶಕ್ಕೆ ಬಂದಾಗ ನಾವೂ ಹಾಗೇ ಮಾಡಿದ್ವಿ, ಮೆಣಸಿನಕಾಯಿ ಅಂದ್ವಿ. ಅಲ್ಲಿಂದ ಹಳೇ ಮೆಣಸನ್ನ ಕಾಳುಮೆಣಸು, ಕರಿಮೆಣಸು ಅಂತ ಬೇರೆ ಮಾಡಿ ಹೇಳಬೇಕಾಯ್ತು. ನಮ್ಮಜ್ಜಿ ಬಾಣಂತಿ ಸಾರಿಗೆ ಹುಣಸೆಹಣ್ಣು, ಕಾಳುಮೆಣಸು, ಬೆಳ್ಳುಳ್ಳಿ ಬಿಟ್ಟು ಬೇರೇನೂ ಹಾಕ್ತಿರಲಿಲ್ಲ. 500 ವರ್ಷದ ಹಿಂದೆ ನಮ್ಮ ಕಡೆ ಎಲ್ಲರ ಮನೆ ಸಾರೂ ಹೆಚ್ಚುಕಮ್ಮಿ ಹಾಗೇ ಇದ್ದಿರಬೇಕು.

ರಾಗಿ, ಅವರೆಕಾಯಿ ಮಾತ್ರ ಹಡಗಿನವರ ಲೆಕ್ಕಕ್ಕೆ ಸೇರಿಸಬೇಡಿ. ಅವು ಇಲ್ಲಿ ಸಾವಿರಾರು ವರ್ಷದಿಂದ ಇವೆ.

ಶಿರಾ ನಾವಿಕ:

ಟೀಚರಮ್ಮ, ನಾನು ನೇವಿಯಲ್ಲಿ 15 ವರ್ಷ ಇದ್ದು ಬಂದವನು. ಈಗ ಶಿರಾ ಹತ್ತಿರ ಊರಲ್ಲೇ ಇದ್ದೀನಿ, ಅಪ್ಪನ ಹೊಲ ನೋಡಿಕೊಂಡು. ನಾನೂ ಮೊದಲು ಸಮುದ್ರ ನೋಡಿದ್ದು 19ನೇ ವಯಸ್ಸಿಗೆ. ಹಾಗಾಗಿ ಆ 38 ಮಕ್ಕಳ ಪರವಾಗಿ ಬರೀತಿದ್ದೀನಿ.

ಸಮುದ್ರ ನೋಡಿಲ್ಲ ಅಂತ ಬೇಜಾರು ಬೇಡ. ಗಾಳಿ ಗೊತ್ತಲ್ಲ, ಅದು ಸಾಕು. ಮುಂಗಾರು, ಹಿಂಗಾರು ಅಂತ ನಮ್ಮ ರೈತರು ಯಾವುದನ್ನ ಕಾಯ್ತಾರೋ, ಹಾಯಿಹಡಗಿನವರು ಕಾಯ್ತಿದ್ದದ್ದೂ ಅದನ್ನೇ. ಆಷಾಢದಲ್ಲಿ ನಮ್ಮ ಹೊಲದಲ್ಲಿ ತಲೆ ಮೇಲಿನ ಟವಲ್ ಹಾರಿಸಿಕೊಂಡು ಹೋಗೋ ಗಾಳಿ ಆಫ್ರಿಕಾ ಕಡೆಯ ಸಮುದ್ರ ದಾಟಿ ಬಂದದ್ದು. ಅರಬ್ಬರು, ಗುಜರಾತಿಗಳು, ಮಲಬಾರಿನವರು ನೂರಾರು ವರ್ಷದಿಂದ ಅದನ್ನ ನಂಬಿ ಓಡಾಡ್ತಿದ್ದರು.

ಗಾಮಾ ಕಥೆಯನ್ನ ಈ ಗಾಳಿಯಿಂದಲೇ ಹೇಳಿ. 1497ರ ಜುಲೈ 8ಕ್ಕೆ ಲಿಸ್ಬನ್ ಬಿಟ್ಟ. ನಾಲ್ಕು ಹಡಗು, ಸುಮಾರು 170 ಜನ. ಆಫ್ರಿಕಾ ಸುತ್ತಿಕೊಂಡು ಈಗಿನ ಕೀನ್ಯಾದ ಮಾಲಿಂದಿಗೆ ಬಂದ. ಅಲ್ಲಿಂದ ಆಚೆಗೆ ಅವನಿಗೆ ದಾರಿ ಗೊತ್ತಿರಲಿಲ್ಲ. ಮಾಲಿಂದಿ ದೊರೆ ಒಬ್ಬ ಮಾರ್ಗದರ್ಶಿ ನಾವಿಕನನ್ನ ಜೊತೆಗೆ ಕಳಿಸಿದ. ಆ ಮನುಷ್ಯ 23 ದಿನದಲ್ಲಿ ಸಮುದ್ರ ದಾಟಿಸಿ ಕಲ್ಲಿಕೋಟೆ ಮುಂದೆ ತಂದು ನಿಲ್ಲಿಸಿದ. 1498ರ ಮೇ ತಿಂಗಳು, ಮುಂಗಾರು ಹತ್ತಿರ ಬಂದಿತ್ತು, ಗಾಳಿ ಬೆನ್ನಿಗಿತ್ತು. ಅವನ ಹೆಸರೇನು, ಊರು ಯಾವುದು ಅಂತ ಇತಿಹಾಸಕಾರರಲ್ಲಿ ಇವತ್ತಿಗೂ ಒಮ್ಮತ ಇಲ್ಲ. ನಾನು ಹಡಗಲ್ಲಿ ಕೆಲಸ ಮಾಡಿದವನು, ನನಗೆ ಇದು ನೋವಿನ ವಿಷಯ. ದಾರಿ ತೋರಿಸಿದವನ ಹೆಸರು ಉಳಿಯಲಿಲ್ಲ.

ವಾಪಸ್ ಹೋಗುವಾಗ ಗಾಮಾ ಗಾಳಿಗೆ ಕಾಯಲಿಲ್ಲ. ಕಾರವಾರದ ಹತ್ತಿರ ಅಂಜದೀವ್ ಅಂತ ಒಂದು ಪುಟ್ಟ ದ್ವೀಪ ಇದೆ. ನಾನು ಕಾರವಾರದಲ್ಲಿ ಇದ್ದಾಗ ಅದು ದಿನಾ ಕಣ್ಣಿಗೆ ಬೀಳ್ತಿತ್ತು. ಅಲ್ಲಿ ಹಡಗು ಉಜ್ಜಿ, ನೀರು ತುಂಬಿಸಿಕೊಂಡು ಅಕ್ಟೋಬರ್ 5ಕ್ಕೇ ಹೊರಟುಬಿಟ್ಟ. ಹಿಂಗಾರು ಗಾಳಿ ಇನ್ನೂ ಸರಿಯಾಗಿ ತಿರುಗಿರಲಿಲ್ಲ. 23 ದಿನದ ದಾರಿಗೆ ಹೆಚ್ಚುಕಮ್ಮಿ ಮೂರು ತಿಂಗಳು ಹಿಡೀತು. ಹಸಿ ತರಕಾರಿ ಇಲ್ಲ, ಹಣ್ಣಿಲ್ಲ. ಒಸಡು ಊದಿಕೊಂಡು ಹಲ್ಲಿನ ಮೇಲೆ ಬೆಳೀತು, ತಿನ್ನೋಕೆ ಆಗ್ತಿರಲಿಲ್ಲ. ಕಾಲು ಬಾತುಕೊಂಡಿತು. ಇದು ಸ್ಕರ್ವಿ, ಸಿ ವಿಟಮಿನ್ ಇಲ್ಲದೆ ಬರೋ ಕಾಯಿಲೆ. ಆ ಒಂದೇ ದಾಟುವಿಕೆಯಲ್ಲಿ 30 ಜನ ಸತ್ತರು. ಒಂದೊಂದು ಹಡಗಲ್ಲಿ ಕೆಲಸಕ್ಕೆ ಏಳೆಂಟು ಜನ ಉಳಿದರು ಅಂತ ಜೊತೆಗಿದ್ದವನೇ ಬರೆದಿಟ್ಟಿದ್ದಾನೆ. ಮಾಲಿಂದಿ ಸಿಕ್ಕ ತಕ್ಷಣ ರೋಗಿಗಳು ಆಸೆಪಟ್ಟು ಕೇಳಿದ್ದು ಕಿತ್ತಳೆಹಣ್ಣು. ನಡೆಸೋಕೆ ಜನ ಇಲ್ಲದೆ ಒಂದು ಹಡಗನ್ನ ತಾವೇ ಸುಟ್ಟುಹಾಕಿದರು. 170ರಲ್ಲಿ ಊರು ಸೇರಿದ್ದು ಸುಮಾರು 55 ಜನ.

ಮಕ್ಕಳ ಕೈಗೆ ಒಂದೊಂದು ಬೆಟ್ಟದ ನೆಲ್ಲಿಕಾಯಿ ಕೊಟ್ಟು ಈ ಕಥೆ ಹೇಳಿ. ಇದೊಂದು ಕಾಯಿ ಅಲ್ಲಿ ಪ್ರಾಣ ಉಳಿಸ್ತಿತ್ತು ಅಂತ ಹೇಳಿ. ಮರೆಯೋದಿಲ್ಲ ಅವರು.

ಇನ್ನೊಂದು ಮಾಡಿ. ಇಂಗ್ಲೆಂಡಿನ ನಾವಿಕ ಕ್ಯಾಪ್ಟನ್ ಕುಕ್ 1768ರಲ್ಲಿ ಹೊರಟ ಎಂಡೆವರ್ ಹಡಗು ಸುಮಾರು 32 ಮೀಟರ್ ಉದ್ದ, 9 ಮೀಟರ್ ಅಗಲ. ಕಬಡ್ಡಿ ಅಂಕಣ 13 ಮೀಟರ್, ಅಂದರೆ ಎರಡೂವರೆ ಅಂಕಣದಷ್ಟು ಉದ್ದ. ಹತ್ತಿದ್ದವರು 94 ಜನ, ಜೊತೆಗೆ ಕೋಳಿ, ಹಂದಿ, ಒಂದು ಮೇಕೆ. ಶಾಲೆ ಮೈದಾನದಲ್ಲಿ ಸುಣ್ಣದ ಪುಡಿಯಲ್ಲಿ ಬರೆದು ಒಳಗೆ ಮಕ್ಕಳನ್ನ ನಿಲ್ಲಿಸಿ. ಇದರಲ್ಲಿ ಮೂರು ವರ್ಷ ಕಳೀಬೇಕು ಅಂತ ಹೇಳಿ.

ನಂದಿ ತಪ್ಪಲು:

ಕುಕ್ ಹೆಸರು ಬಂದಿದ್ದಕ್ಕೆ ನಾನೂ ಸೇರಿಕೊಳ್ತೀನಿ. ನಮ್ಮದು ಚಿಕ್ಕಬಳ್ಳಾಪುರ, ನಂದಿ ಬೆಟ್ಟದ ಕೆಳಗೆ.

ಟೀಚರ್, ನಿಮ್ಮ ಶಾಲೆ ಸುತ್ತಮುತ್ತ ನೀಲಗಿರಿ ತೋಪು ಇದ್ದೇ ಇರುತ್ತೆ. ಅದರ ಮೊಗ್ಗು ಕಿತ್ತು ನೋಡಿ. ಮೇಲೆ ಒಂದು ಚೂಪು ಟೋಪಿ ಇರುತ್ತೆ. ಹೂವು ಬಿರಿಯುವಾಗ ಆ ಟೋಪಿ ಕಳಚಿ ಬೀಳುತ್ತೆ, ಒಳಗಿಂದ ಬಿಳಿ ಎಳೆಗಳು ಬಿಚ್ಚಿಕೊಳ್ತವೆ. ಚಿಕ್ಕವರಿದ್ದಾಗ ಅದನ್ನ ಆರಿಸಿ ಬುಗುರಿ ಥರ ತಿರುಗಿಸ್ತಿದ್ವಿ. ಕುಕ್‌ನ ಮೂರನೇ ಯಾನದಲ್ಲಿ, 1777ರಲ್ಲಿ, ಡೇವಿಡ್ ನೆಲ್ಸನ್ ಅನ್ನೋ ತೋಟಗಾರ ಆಸ್ಟ್ರೇಲಿಯಾದ ದಕ್ಷಿಣಕ್ಕಿರುವ ಟಾಸ್ಮೇನಿಯಾ ಕಡೆಯಿಂದ ಇಂಥದೊಂದು ಕೊಂಬೆ ತಂದ. ಅದನ್ನ ನೋಡಿ 1788ರಲ್ಲಿ ಫ್ರೆಂಚ್ ಸಸ್ಯಶಾಸ್ತ್ರಜ್ಞನೊಬ್ಬ ಯೂಕಲಿಪ್ಟಸ್ ಅಂತ ಹೆಸರಿಟ್ಟ. ಗ್ರೀಕ್‌ನಲ್ಲಿ ಚೆನ್ನಾಗಿ ಮುಚ್ಚಿಕೊಂಡಿರುವುದು ಅಂತ ಅರ್ಥ. ಆ ಟೋಪಿಗೇ ಇಟ್ಟ ಹೆಸರು.

ಇನ್ನು ನಮ್ಮೂರಿನ ಮಾತು. 1790ರ ಸುಮಾರಿಗೆ ಟಿಪ್ಪು ಸುಲ್ತಾನ್ ನಂದಿ ಬೆಟ್ಟದ ತನ್ನ ತೋಟದಲ್ಲಿ ನೀಲಗಿರಿ ಹಾಕಿಸಿದ ಅಂತ ಅರಣ್ಯಶಾಸ್ತ್ರದ ಬರಹಗಳಲ್ಲಿದೆ. ಭಾರತದಲ್ಲಿ ಮೊದಲು ಅಂತ ಅದನ್ನೇ ಹೇಳ್ತಾರೆ. ನೆಲ್ಸನ್ ಕೊಂಬೆ ಕಿತ್ತು ಆಗ ಬರೀ 13 ವರ್ಷ ಆಗಿತ್ತು!

ಮುಂದೆ ಆಗಿದ್ದು ಕಣ್ಣಾರೆ ಕಂಡಿದ್ದೀನಿ. 80ರ ದಶಕದಲ್ಲಿ ಸಾಮಾಜಿಕ ಅರಣ್ಯ ಅಂತ ಸಸಿ ಬಂದವು, ರಾಗಿ ಹೊಲಗಳೆಲ್ಲಾ ನೀಲಗಿರಿ ಆದವು. ನಮ್ಮಪ್ಪನೂ ಎರಡು ಎಕರೆಗೆ ಹಾಕಿದರು. ಕೂಲಿ ಆಳು ಬೇಡ, ನಾಲ್ಕೈದು ವರ್ಷಕ್ಕೆ ಕಟಾವು. ಆದರೆ ಪಕ್ಕದ ತೆರೆದ ಬಾವಿ ಬತ್ತಿತು. ಅದೊಂದೇ ಕಾರಣ ಅಂತ ಹೇಳಲಾರೆ, ಬೋರ್‌ವೆಲ್ಲೂ ಜಾಸ್ತಿ ಆಗಿದ್ದವು. 2017ರಲ್ಲಿ ಸರ್ಕಾರ ಹೊಸದಾಗಿ ನೀಲಗಿರಿ ನೆಡೋದನ್ನೇ ನಿಲ್ಲಿಸಿತು. ಹೋದ ವರ್ಷ ನಮ್ಮ ಹೊಲದ ಬೊಡ್ಡೆಗಳನ್ನ ಜೆಸಿಬಿ ತರಿಸಿ ಕೀಳಿಸಿದೆ. ಒಂದೊಂದು ಬೇರೂ ನನ್ನ ತೊಡೆ ಗಾತ್ರ ಇತ್ತು. ಈಗ ಅಲ್ಲಿ ಮತ್ತೆ ರಾಗಿ ಇದೆ.

ನಿಮ್ಮ ಹುಡುಗಿಗೆ ಇದನ್ನೂ ಹೇಳಿ. ನಮ್ಮೂರಿಗೇನಾಯ್ತು ಅಂದರೆ, ಇದೂ ಆಯ್ತು.

ತುಮಕೂರು ಲೆಕ್ಚರರ್:

ಒಂದೇ ಮಾತು ಸೇರಿಸ್ತೀನಿ. 'ಕಂಡುಹಿಡಿದ' ಅನ್ನೋ ಪದ ದಯವಿಟ್ಟು ಬೋರ್ಡ್ ಮೇಲೆ ಬರೀಬೇಡಿ ಮೇಡಂ. ಕಲ್ಲಿಕೋಟೆಗೆ ಗಾಮಾ ಬರೋಕೆ 90 ವರ್ಷ ಮುಂಚೆಯೇ ಚೀನಾದ ಜೆಂಗ್ ಹೆ ಸಾವಿರಾರು ಜನರ ಜೊತೆ ಬಂದು ಹೋಗಿದ್ದ. 'ತಲುಪಿದ' ಅನ್ನಿ, ಸಾಕು.

ಅವರ ಸಾಹಸ ಹೇಳುವಾಗ ಕ್ರೌರ್ಯವನ್ನೂ ಮುಚ್ಚಿಡಬಾರದು. ಗಾಮಾ 1502ರಲ್ಲಿ ಎರಡನೇ ಸಲ ಬಂದಾಗ ಮೆಕ್ಕಾ ಯಾತ್ರೆ ಮುಗಿಸಿ ಬರ್ತಿದ್ದ ಮಿರಿ ಅನ್ನೋ ಹಡಗಿಗೆ ಬೆಂಕಿ ಇಟ್ಟ. ಒಳಗೆ ಹೆಂಗಸರು ಮಕ್ಕಳು ಸೇರಿ ನೂರಾರು ಜನ ಇದ್ದರು. ಕೊಲಂಬಸ್ ಕಾಲಿಟ್ಟ ದ್ವೀಪಗಳ ತೈನೋ ಜನ ಬಲವಂತದ ದುಡಿಮೆಗೆ, ಹೊಸ ರೋಗಗಳಿಗೆ ಸಿಕ್ಕಿ ಕೆಲವೇ ದಶಕಗಳಲ್ಲಿ ಹೆಚ್ಚುಕಮ್ಮಿ ಇಲ್ಲವಾದರು. ಎಂಟನೇ ಕ್ಲಾಸಿನ ಮಕ್ಕಳಿಗೆ ಇದು ಅರ್ಥ ಆಗುತ್ತೆ. ನಾವೇ ಸುಮ್ನೆ ಹೆದರ್ತೀವಿ.

ಮುಳಬಾಗಿಲು ಟೀಚರ್:

ಎಲ್ಲರಿಗೂ ಕೈ ಮುಗೀತೀನಿ. ಇವತ್ತು ಪಾಠ ಮಾಡಿದೆ, ಏನಾಯ್ತು ಅಂತ ಹೇಳಲೇಬೇಕು.

ಬಿಸಿಯೂಟದ ಅಡುಗೆಯವರನ್ನ ಕೇಳಿ ಟೊಮೆಟೊ, ಒಣಮೆಣಸಿನಕಾಯಿ, ಆಲೂಗಡ್ಡೆ ಟೇಬಲ್ ಮೇಲೆ ಇಟ್ಟೆ. ಇವು ಇಲ್ಲದೆ ಸಾರು ಮಾಡಿ ನೋಡೋಣ ಅಂದೆ. ಕ್ಲಾಸೆಲ್ಲಾ ಗಲಾಟೆ! ಆಮೇಲೆ ಮೈದಾನದಲ್ಲಿ ಎಂಡೆವರ್ ಬರೆದ್ವಿ. 94 ಜನ ಆಗೋಕೆ ಏಳು, ಒಂಬತ್ತನೇ ಕ್ಲಾಸಿನವರನ್ನೂ ಕರೆದೆ. ಒಳಗೆ ನಿಂತ ಮೇಲೆ ಪ್ರಶ್ನೆಗಳು ಶುರುವಾದವು. ಮಲಗೋದು ಎಲ್ಲಿ? ನೀರು ಎಲ್ಲಿಡ್ತಾರೆ? ಯಾರಾದ್ರೂ ಸತ್ತರೆ? ನಾವಿಕ ಸರ್ ಹೇಳಿದ ಗಾಳಿ ಕಥೆ ಹೇಳಿದಾಗ ಒಬ್ಬ ಹುಡುಗ, "ಮಿಸ್, ನಮ್ಮ ತಾತನೂ ಗಾಳಿ ನೋಡೇ ಬಿತ್ತೋದು" ಅಂದ. ದಾರಿ ತೋರಿಸಿದವನ ಹೆಸರು ಇಲ್ಲ ಅಂದಾಗ ಎಲ್ಲರೂ ಸುಮ್ಮನಾದರು.

ಕೊನೆಗೆ ಅದೇ ಹಿಂದಿನ ಬೆಂಚಿನ ಹುಡುಗಿ. ಹಡಗಿನ ಮೂತಿಯಲ್ಲಿ ನಿಂತಿದ್ದಳು. "ಮಿಸ್, ಇದರಲ್ಲಿ ಹುಡುಗೀರು ಯಾರೂ ಇರಲಿಲ್ವಾ?"

ನಾಳೆ ಹೇಳ್ತೀನಿ ಅಂದಿದ್ದೀನಿ.

ಶಿರಾ ನಾವಿಕ:

ಓದಿ ಕಣ್ಣು ತುಂಬಿ ಬಂತು ಟೀಚರಮ್ಮ.

ಅವಳಿಗೆ ಇದು ಹೇಳಿ. ಕುಕ್ ಕಾಲದಲ್ಲೇ ಜಾನ್ ಬಾರೆ ಅಂತ ಒಬ್ಬ ಫ್ರೆಂಚ್ ಹೆಣ್ಣುಮಗಳು ಗಂಡಸಿನ ವೇಷ ಹಾಕಿಕೊಂಡು ಬೂಗನ್‌ವಿಲ್ ಅನ್ನೋ ನಾವಿಕನ ಯಾನದಲ್ಲಿ ಹೊರಟಳು. ಭೂಮಿ ಸುತ್ತಿದ ಮೊದಲ ಹೆಣ್ಣು ಅವಳೇ.

ನಮ್ಮವರ ಕಥೆ ಇನ್ನೂ ಹತ್ತಿರದ್ದು. ನೇವಿಯ ಆರು ಜನ ಹೆಣ್ಣುಮಕ್ಕಳು 2017ರ ಸೆಪ್ಟೆಂಬರ್ 10ಕ್ಕೆ ತಾರಿಣಿ ಅನ್ನೋ ಹಾಯಿದೋಣಿಯಲ್ಲಿ ಗೋವಾದಿಂದ ಹೊರಟರು. ದಕ್ಷಿಣ ಅಮೆರಿಕದ ತುದಿ ಕೇಪ್ ಹಾರ್ನ್ ಸುತ್ತಿಕೊಂಡು, ಪೂರ್ತಿ ಭೂಮಿ ಸುತ್ತಿ, 2018ರ ಮೇ 21ಕ್ಕೆ ಗೋವಾಗೇ ಬಂದರು. ದೋಣಿ ಸುಮಾರು 17 ಮೀಟರ್. ನೀವು ಬರೆದ ಹಡಗಿನ ಅರ್ಧದಷ್ಟು.

ಸುಣ್ಣದ ಗೆರೆ ಇನ್ನೂ ಇದ್ದರೆ ಅದರ ಒಳಗೇ ತಾರಿಣಿಯನ್ನೂ ಬರೀರಿ. ಆರು ಹುಡುಗಿಯರನ್ನ ನಿಲ್ಲಿಸಿ. ಚುಕ್ಕಾಣಿ ಆ ಹಿಂದಿನ ಬೆಂಚಿನ ಮಗಳ ಕೈಗೆ ಕೊಡಿ. ಬೇಕಾದರೆ ಶನಿವಾರ ನಾನೇ ಬಸ್ಸು ಹತ್ತಿ ಬರ್ತೀನಿ, ಗಂಟು ಹಾಕೋದು ಹೇಳಿಕೊಡ್ತೀನಿ. ಹಗ್ಗ ನಾನೇ ತರ್ತೀನಿ.