ಅಪ್‌ಡೇಟ್: ಉಬ್ಬರವಿಳಿತವನ್ನೂ ಕಾಲವನ್ನೂ ಆಳುವ ದೇವತೆಯ ಶಕ್ತಿಗೆ ಮಿತಿ

ನನ್ನ ಕಾದಂಬರಿಯ ದ್ವೀಪಲೋಕದಲ್ಲಿ ಉಬ್ಬರವಿಳಿತವನ್ನೂ ಕಾಲವನ್ನೂ ಒಟ್ಟಿಗೆ ಆಳುವ ವೇಲಾವತಿಯ ಶಕ್ತಿಗೆ ಯಾವ ಮಿತಿಯಿರಬೇಕು ಎಂದು ಹಿಂದೆ ಕೇಳಿದ್ದೆ. ಕಾಲವನ್ನು ಹಿಂದಿರುಗಿಸಲು ಅವಳು ಬಲಿ ಕೇಳಲಿ ಎಂದು ಹಲವರು ಸೂಚಿಸಿದ್ದರು; ಬೆಲೆ ತೆತ್ತರೆ ಏನನ್ನಾದರೂ ಕೊಡುವ ದೇವತೆ ಅಂಗಡಿಯವಳಂತೆ ಕಾಣುತ್ತಾಳಾದ್ದರಿಂದ ಅದನ್ನು ಕೈಬಿಟ್ಟಿದ್ದೇನೆ.

ನನಗೆ ಬೇಕಾದ ಮಿತಿ ಮುಂಬಯಿಯ ಕಡಲಿನಲ್ಲೇ ದೊರೆಯಿತು. ಇಲ್ಲಿ ಒಂದು ಉಬ್ಬರದಿಂದ ಇನ್ನೊಂದಕ್ಕೆ ಸುಮಾರು 12 ಗಂಟೆ 25 ನಿಮಿಷ ಹಿಡಿಯುವುದರಿಂದ ಉಬ್ಬರದ ಹೊತ್ತು ದಿನಕ್ಕೆ ಸುಮಾರು 50 ನಿಮಿಷ ತಡವಾಗುತ್ತ ಹೋಗುತ್ತದೆ. ತಿಥಿಯ ಸಂಖ್ಯೆಯನ್ನು ಮುಕ್ಕಾಲಿನಿಂದ ಗುಣಿಸಿ, ಅಷ್ಟಮಿಗೆ ಆರು ಗಂಟೆ ಎಂಬಂತೆ, ಉಬ್ಬರದ ವೇಳೆಯನ್ನು ಅಂದಾಜಿಸುವ ಕೊಂಕಣ ಕರಾವಳಿಯ ಮೀನುಗಾರರ ಲೆಕ್ಕವೂ ಇದಕ್ಕೆ ಹೊಂದುತ್ತದೆ. ಆದ್ದರಿಂದ ವೇಲಾವತಿಯ ದಿನ 24 ಗಂಟೆ 50 ನಿಮಿಷದ್ದು. ಆ ಹೆಚ್ಚುವರಿ 50 ನಿಮಿಷಗಳು ಮಾತ್ರ ಅವಳ ಸ್ವಂತದವು, ಉಳಿದ ಕಾಲವೆಲ್ಲ ಸೂರ್ಯನದು. ಅಷ್ಟರೊಳಗೆ ಪೂರೈಸಲಾಗದ ವರ ಅರ್ಧಕ್ಕೇ ನಿಲ್ಲುತ್ತದೆ. (ಕಥೆಯ ಜಗಳಗಳೆಲ್ಲ ಹುಟ್ಟುವುದು ಈ ಅರ್ಧವರಗಳಿಂದಲೇ.)

ಅವಳ ಗುಡಿಯ ದಾರಿ ಹಾಜಿ ಅಲಿ ದರ್ಗಾದ ದಾರಿಯಂತೆ ಉಬ್ಬರದಲ್ಲಿ ಮುಳುಗುತ್ತದೆ. ಎರಡನೆಯ ಚಂದ್ರನನ್ನು ಸೇರಿಸುವ ಸಲಹೆ ಆಕರ್ಷಕವಾಗಿದ್ದರೂ ಉಬ್ಬರದ ಲೆಕ್ಕ ವಿಪರೀತ ಜಟಿಲವಾಗುವುದರಿಂದ ಅದನ್ನು ಮುಂದಿನ ಸಂಪುಟಕ್ಕೆ ಬಿಟ್ಟಿದ್ದೇನೆ.